ಸೀರಿಯಲ್ ಡಾಕ್ಟರ ಮೊದಲ ರೋಗಿ

ಬೆಂಗಳೂರಿನಿಂದ ಸೀರಿಯಲ್‌ನವರು ನನ್ನನ್ನು ಹುಡುಕಿಕೊಂಡು ಬಂದಾಗ ನಾನು ನಿವೃತ್ತಳಾಗಿ ಇನ್ನೂ ವರ್ಷ ತುಂಬಿರಲಿಲ್ಲ. ಸರ್ಕಾರಿ ಆಸ್ಪತ್ರೆಯ ನರ್ಸ್ ಕೆಲಸ ಕೊರಟಗೆರೆಯಲ್ಲಿ ಶುರುವಾಗಿ, ಶಿರಾ, ಪಾವಗಡ ಸುತ್ತಿಕೊಂಡು, ಕೊನೆಗೆ ಮಧುಗಿರಿಯಲ್ಲಿ ಮುಗಿದಿತ್ತು. ಮುಗಿದ ಮೇಲೂ ನಾನು ಇಲ್ಲೇ ಉಳಿದೆ. ಬೆಳಿಗ್ಗೆ ಎದ್ದರೆ ಹಗಲೆಲ್ಲ ಏನು ಮಾಡುವುದೆಂದು ತೋಚದೆ, ಅಕ್ಕಪಕ್ಕದ ಮನೆಯವರ ಬಿಪಿ ನೋಡಿಕೊಂಡು, ಬೇಡದಿದ್ದವರಿಗೂ ಉಪ್ಪು ಕಡಿಮೆ ಮಾಡಿ ಎಂದು ಹೇಳಿಕೊಂಡು ತಿರುಗುತ್ತಿದ್ದೆ.

ಊರಿನಲ್ಲಿ ಬಾಗಿಲು ಹಾಕಿ ಬಹಳ ಕಾಲವಾಗಿದ್ದ ಒಂದು ನರ್ಸಿಂಗ್ ಹೋಮಿನ ಕಟ್ಟಡವನ್ನು ಅವರು ಬಾಡಿಗೆಗೆ ಹಿಡಿದಿದ್ದರು. ತಾಲ್ಲೂಕು ಆಸ್ಪತ್ರೆಯೊಂದಕ್ಕೆ ಹೊಸದಾಗಿ ಬರುವ ಡಾಕ್ಟರೊಬ್ಬರ ಕಥೆಯಂತೆ. ನಿರ್ದೇಶಕರು ಸಣ್ಣ ದನಿಯ, ಸದಾ ಚಹಾ ಕುಡಿಯುವ ಮನುಷ್ಯ. ನಮ್ಮ ಮನೆಯ ನಡುಮನೆಯಲ್ಲಿ ಕುಳಿತು, "ನಮ್ಮ ಹುಡುಗೀರಿಗೆ ಸಿರಿಂಜ್ ಹಿಡಿಯೋದು, ಡ್ರಿಪ್ ಹಾಕೋದು ಸ್ವಲ್ಪ ಕಲಿಸಿಕೊಡಿ ಮೇಡಂ. ನಿಜವಾದ ನರ್ಸ್‌ಗಳು ನೋಡಿದ್ರೆ ನಗಬಾರದು, ಅಷ್ಟೆ," ಅಂದರು. ನಾನು ಒಂದು ಮಾತಿಗೆ ಒಪ್ಪಿಕೊಂಡೆ. ನನಗೆ ಗೊತ್ತಿರುವ ಕೆಲಸ ಅದು. ಕಲಿಸುವುದಕ್ಕೆ ನನಗೆ ಯಾವತ್ತೂ ಅಂಜಿಕೆ ಇರಲಿಲ್ಲ.

ಕಲಿಸುವುದರಲ್ಲೇ ಅದು ನಿಲ್ಲಲಿಲ್ಲ. ಎರಡನೇ ದಿನ ಹಿರಿಯ ನರ್ಸ್ ಪಾತ್ರಕ್ಕೆ ಬರಬೇಕಾಗಿದ್ದವರು ಕೈಕೊಟ್ಟರು. ನಿರ್ದೇಶಕರು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ನೀವೇ ನಿಂತ್ಕೊಂಡುಬಿಡಿ ಮೇಡಂ, ಮಾತೇನೂ ಇಲ್ಲ," ಅಂದರು. ನಾನು ಜೀವಮಾನವಿಡೀ ಹಾಕಿದ ಬಟ್ಟೆಯಂಥದೇ ಬಟ್ಟೆಯನ್ನು ಅವರ ಪೆಟ್ಟಿಗೆಯಿಂದ ತೆಗೆದು ಕೊಟ್ಟರು. ಹಾಕಿಕೊಂಡು ಕನ್ನಡಿ ಮುಂದೆ ನಿಂತಾಗ ಡ್ಯೂಟಿಗೆ ತಡವಾಯಿತೇನೋ ಅನ್ನಿಸಿತು.

ಡಾಕ್ಟರ ಪಾತ್ರ ಮಾಡುತ್ತಿದ್ದವನು ನಾಟಕದಿಂದ ಬಂದ ಹುಡುಗ. ಹುಡುಗ ಅಂದರೆ ನನ್ನ ಕಣ್ಣಿಗೆ ಹುಡುಗ, ನಲವತ್ತರ ಹತ್ತಿರ ಇದ್ದನೇನೋ. ಕ್ಯಾಮೆರಾದ ಮುಂದೆ ತೂಕವಾದ ಪುಸ್ತಕದ ಕನ್ನಡ. ಕ್ಯಾಮೆರಾ ನಿಂತರೆ ನಮ್ಮೂರ ಮಾತು.

"ನಮ್ದು ಶಿರಾ ಪಕ್ಕದ ಹಳ್ಳಿ ಕಣಕ್ಕ. ನಮ್ಮಪ್ಪ ಕಡ್ಲೆಕಾಯಿ ಮಂಡೀಲಿ ಮೂಟೆ ಹೊರ್ತಿದ್ರು. ಊರೋರಿಗೆಲ್ಲ ನಾನು ಈಗ್ಲೂ ಮೂಟೆ ಹೊರೋನ ಮಗಾನೇ," ಎಂದು ನಕ್ಕ.

ಸ್ಟೆತಾಸ್ಕೋಪನ್ನು ಕಿವಿಗೆ ಹೇಗೆ ಇಟ್ಟುಕೊಳ್ಳಬೇಕು, ರೋಗಿಯ ಕೈಹಿಡಿದಾಗ ಕಣ್ಣು ಎಲ್ಲಿರಬೇಕು ಎಂದು ನನ್ನನ್ನು ಬಿಡದೆ ಕೇಳಿ ತಿಳಿದುಕೊಳ್ಳುತ್ತಿದ್ದ. ನಾನು ಕಂಡ ಎಷ್ಟೋ ಡಾಕ್ಟರುಗಳಿಗಿಂತ ಅವನು ರೋಗಿಯ ಪಾತ್ರದವರ ಕಡೆ ಚೆನ್ನಾಗಿ ನೋಡುತ್ತಿದ್ದ. ಹಾಗೆ ನೋಡುವುದೇ ಅವನ ಕಸುಬಾಗಿತ್ತು.

ಮೊದಲ ಎಪಿಸೋಡಿನ ಕಥೆ ಹೀಗಿತ್ತು. ಹೊಸ ಡಾಕ್ಟರ ಹತ್ತಿರ ಒಬ್ಬ ವಯಸ್ಸಾದ ರೈತ ಹೊಟ್ಟೆನೋವೆಂದು ಬರುತ್ತಾನೆ. ಪರೀಕ್ಷೆಯಲ್ಲಿ ಕ್ಯಾನ್ಸರ್ ಎಂದು ತಿಳಿಯುತ್ತದೆ. ಮಕ್ಕಳಿಬ್ಬರು ಬಾಗಿಲ ಹೊರಗೆ ಡಾಕ್ಟರ ಕೈಹಿಡಿದು, ಅಪ್ಪನಿಗೆ ಹೇಳಬೇಡಿ ಎನ್ನುತ್ತಾರೆ. ಡಾಕ್ಟರು ಒಳಗೆ ಹೋಗಿ, "ಏನಿಲ್ಲ ಯಜಮಾನ್ರೇ, ಬರೀ ಗ್ಯಾಸು," ಎಂದು ನಗುತ್ತಾರೆ. ರೈತ ಕೈಮುಗಿದು ಖುಷಿಯಿಂದ ಬಸ್ಸು ಹತ್ತುತ್ತಾನೆ. ಅಲ್ಲಿಗೆ ಎಪಿಸೋಡು ಮುಗಿಯುತ್ತದೆ.

ನಾನು ನಿರ್ದೇಶಕರಿಗೆ ನೇರವಾಗಿ ಹೇಳಿದೆ. "ಇದು ನಡೆಯೋದೇ ಹೀಗೆ, ಸುಳ್ಳಲ್ಲ. ಆದ್ರೆ ಇದನ್ನ ಒಳ್ಳೇ ಡಾಕ್ಟ್ರ ಲಕ್ಷಣ ಅಂತ ತೋರಿಸ್ಬೇಡಿ."

ಅವರು ಚಹಾ ಲೋಟ ಕೆಳಗಿಟ್ಟರು. "ಯಾಕೆ ಮೇಡಂ?"

ಪಾವಗಡದಲ್ಲಿದ್ದಾಗ ಕಂಡ ಒಬ್ಬ ರೋಗಿಯ ವಿಷಯ ಹೇಳಿದೆ. ಇದ್ದದ್ದು ಕ್ಯಾನ್ಸರ್, ಅವರ ಮನೆಯವರೂ ಹೀಗೇ ಬರೀ ಹೊಟ್ಟೆಹುಣ್ಣು ಅಂದಿದ್ದರು, ಡಾಕ್ಟರೂ ತಲೆಯಾಡಿಸಿದ್ದರು. ತಿಂಗಳುಗಳ ಮೇಲೆ, ನೋಡಲು ಬಂದ ಯಾರೋ ನೆಂಟರು ಬಾಯಿತಪ್ಪಿ ನಿಜ ಆಡಿಬಿಟ್ಟರು. ಆ ಮನುಷ್ಯ ಯಾರ ಮೇಲೂ ಕೂಗಾಡಲಿಲ್ಲ. ಆದರೆ ಅಂದಿನಿಂದ ನಾನು ಮಾತ್ರೆ ಕೊಡಲು ಹೋದಾಗಲೆಲ್ಲ ಅಂಗೈಯಲ್ಲಿ ಅದನ್ನು ಇಟ್ಟುಕೊಂಡು, "ಇದಾದ್ರೂ ನಿಜವೇನಮ್ಮ?" ಎಂದು ಕೇಳುತ್ತಿದ್ದರು. ಸಾಯುವವರೆಗೂ ಕೇಳಿದರು.

ನಿರ್ದೇಶಕರು ಲೋಟ ಮತ್ತೆ ಕೈಗೆತ್ತಿಕೊಂಡು ಹೇಳಿದರು. "ನೀವು ಹೇಳೋದು ಸರಿ. ಆದ್ರೆ ಮೊದಲನೇ ದಿನ ಜನ ಈ ಡಾಕ್ಟ್ರನ್ನ ಪ್ರೀತಿಸ್ಬೇಕು. ಕರುಣೆಯಿಂದ ಸುಳ್ಳು ಹೇಳಿದ ಅನ್ನಿಸ್ಬೇಕು. ಅದಕ್ಕೆ ತೆರಬೇಕಾದ ಬೆಲೆ ಮುಂದೆ ಬರುತ್ತೆ, ನೋಡ್ತಿರಿ." ಅವರ ಕೆಲಸವೂ ಅವರಿಗೆ ಗೊತ್ತಿತ್ತು. ನಾನು ಸಿರಿಂಜ್ ಕಲಿಸಲು ವಾಪಸು ಹೋದೆ.

ತೊಂದರೆ ಶುರುವಾದದ್ದು ಬೋರ್ಡಿನಿಂದ. ಕಟ್ಟಡದ ಮುಂದೆ ಅವರು "ಸರ್ಕಾರಿ ಸಾರ್ವಜನಿಕ ಆಸ್ಪತ್ರೆ" ಎಂದು ದೊಡ್ಡ ಹಲಗೆ ಏರಿಸಿದ್ದರು. ಗೇಟಿನೊಳಗೆ ಒಂದು ಆಂಬುಲೆನ್ಸ್, ಬಿಳಿ ಕೋಟಿನ ಜನ. ಸಂತೆಗೆ ಬಂದ ಹಳ್ಳಿಯವರು ನೋಡದೆ ಇರುತ್ತಾರೆಯೇ? ಮಂಡಿನೋವಿನವರು, ಕೆಮ್ಮಿನವರು ಒಬ್ಬೊಬ್ಬರೇ ಗೇಟಿನ ಹತ್ತಿರ ಬರತೊಡಗಿದರು. ಕಾವಲಿನವನು ಶೂಟಿಂಗು, ಸೀರಿಯಲ್ಲು ಎಂದು ಹೇಳಿ ಹೇಳಿ ಕಳಿಸುತ್ತಿದ್ದ. ನಗುತ್ತಾ ಹೋದವರೇ ಹೆಚ್ಚು.

ಒಂದು ಮಧ್ಯಾಹ್ನ ಎಲ್ಲರೂ ಹಿತ್ತಲಿನ ಶಾಮಿಯಾನದಲ್ಲಿ ಊಟಕ್ಕೆ ಹೋಗಿದ್ದರು. ಕಾವಲಿನವನೂ ತಟ್ಟೆ ಹಿಡಿದಿದ್ದ. ಡಾಕ್ಟರ ಕೋಣೆಯ ಸೆಟ್ಟಿನಲ್ಲಿ ನಾನೂ ಆ ನಟನೂ ಇದ್ದೆವು. ಬಾಯಿಯೊಳಗೆ ಟಾರ್ಚು ಬಿಟ್ಟು ನೋಡುವುದು ಹೇಗೆಂದು ಅವನು ಕೇಳಿದ್ದ, ನಾನು ತೋರಿಸುತ್ತಿದ್ದೆ. ಅಷ್ಟರಲ್ಲಿ ಬಾಗಿಲಲ್ಲಿ ತರಕಾರಿ ಚೀಲ ಹಿಡಿದ ಒಬ್ಬ ಹೆಂಗಸು ಕಾಣಿಸಿದರು. ಅರವತ್ತು ದಾಟಿದ ಗಟ್ಟಿಮುಟ್ಟು ಜೀವ.

"ನಾಯ್ನಾ, ಕೊತ್ತ ಡಾಕ್ಟ್ರು ನೀನೇನಾ?"

ಕೊತ್ತ ಅಂದರೆ ತೆಲುಗಿನಲ್ಲಿ ಹೊಸ, ನಾಯ್ನಾ ಅಂದರೆ ಅಪ್ಪ, ಮಗು ಎಂದು ಅಕ್ಕರೆಯಿಂದ ಕರೆಯುವುದು. ಪಾವಗಡದ ಕಡೆಯವರೆಂದು ನನಗೆ ಆಗಲೇ ತಿಳಿಯಿತು. ಅಲ್ಲ ಎಂದು ಅವನು ಹೇಳುತ್ತಾನೆ ಅಂದುಕೊಂಡೆ. ಅವನು, "ಬಾರಮ್ಮ, ಕೂತ್ಕಳಿ," ಅಂದ. ಬಂದವರನ್ನು ಕೂರಿಸುವ ಮರ್ಯಾದೆ, ಅಷ್ಟೇ ಅವನ ಮನಸ್ಸಿನಲ್ಲಿದ್ದದ್ದು. ಆದರೆ ಆಯಮ್ಮ ರೋಗಿಯ ಸ್ಟೂಲಿನ ಮೇಲೆ ಕೂತು, ಸೆರಗು ಸರಿಮಾಡಿಕೊಂಡು, ಬಾಯಿ ತೆರೆದೇಬಿಟ್ಟರು.

"ಚೂಡು ನಾಯ್ನಾ, ನೋಡು. ಸಂಕ್ರಾಂತಿಗೆ ಮುಂಚೆ ಆಗಿದ್ದು. ಇನ್ನೂ ಮಾಯ್ದಿಲ್ಲ. ಕಾರ ತಿಂದ್ರೆ ಉರೀತೈತೆ."

ಅವನ ಕೈಯಲ್ಲಿ ಟಾರ್ಚು ಇತ್ತು. ಬೆಳಕು ಬಿಟ್ಟ. ಅವನ ಹಿಂದೆ ನಿಂತಿದ್ದ ನಾನೂ ಬಗ್ಗಿ ನೋಡಿದೆ. ಎಡಗೆನ್ನೆಯ ಒಳಗೆ ಬೆಳ್ಳಗಿನ ಮಚ್ಚೆ, ಅದರ ನಡುವೆ ಅಂಚು ದಪ್ಪಗಿದ್ದ ಕೆಂಪು ಹುಣ್ಣು. ಕಡ್ಡಿಪುಡಿ ಹೊಗೆಸೊಪ್ಪಿನ ವಾಸನೆ. ಕಡ್ಡಿಪುಡಿಯನ್ನು ದವಡೆಯಲ್ಲಿಟ್ಟುಕೊಂಡೇ ಹೊಲದ ಕೆಲಸ ಮಾಡುವ ಹೆಂಗಸರ ಬಾಯಲ್ಲಿ ಇಂಥದನ್ನು ನಾನು ಪಾವಗಡದಲ್ಲಿ ಎಷ್ಟೋ ಸಲ ಕಂಡಿದ್ದೆ. ಕಂಡಾಗಲೆಲ್ಲ ನನ್ನ ಮುಖ ಏನಾಗುತ್ತದೋ ನನಗೆ ಗೊತ್ತಿಲ್ಲ. ಅವನು ತಿರುಗಿ ನನ್ನ ಮುಖ ನೋಡಿದ. ಟಾರ್ಚು ಆರಿಸಿದ.

"ಅಮ್ಮ, ಇದನ್ನ ಹಿಂಗೇ ಬುಡಂಗಿಲ್ಲ. ದೊಡ್ಡಾಸ್ಪತ್ರೆಗೆ ತೋರಿಸ್ಲೇಬೇಕು. ಕಡ್ಡಿಪುಡಿ ಇವತ್ತಿಗೇ ಬುಟ್ಬುಡಿ," ಅಂದ. ದನಿ ಮಾತ್ರ ಸೀರಿಯಲ್ಲಿನ ಡಾಕ್ಟರದೇ, ಮೆತ್ತಗೆ, ತೂಕವಾಗಿ.

ಆಯಮ್ಮ ಅವನ ಮುಖವನ್ನೇ ನೋಡಿದರು. ಸೊಂಟದಿಂದ ಕಡ್ಡಿಪುಡಿಯ ಸಂಚಿ ತೆಗೆದು ಮೇಜಿನ ಮೇಲಿಟ್ಟರು. "ಇಂದಾ. ನೀನು ಹೇಳ್ದೆ, ಬುಟ್ಟೆ. ಮುಂಚೆ ಇಬ್ರಿಗೆ ತೋರಿಸ್ದೆ. ಒಬ್ರೂ ನನ್ ಮುಖ ನೋಡಿ ಮಾತಾಡ್ಲಿಲ್ಲ. ದೊಡ್ಡಾಸ್ಪತ್ರೆಗೆ ನೀನೂ ಬರ್ತೀಯಾ? ನೀನು ಇದ್ರೆ ಬರ್ತೀನಿ. ಕೊಯ್ಯೋದಾದ್ರೂ ನೀನೇ ಕೊಯ್ಯಬೇಕು."

"ಆಗ್ಲಮ್ಮ," ಅಂದುಬಿಟ್ಟ.

ನಾನು ಬಾಯಿ ತೆರೆಯುವ ಮುಂಚೆ ಊಟ ಮುಗಿಸಿದವರು ದಡದಡನೆ ಒಳಗೆ ಬಂದರು, ದೀಪಗಳು ಹತ್ತಿದವು. ಡಾಕ್ಟರಿಗೆ ಅರ್ಜೆಂಟು ಕೇಸು ಬಂತೆಂದು ತಿಳಿದ ಆಯಮ್ಮ, ಸೋಮವಾರ ಮಗಳನ್ನು ಕರೆದುಕೊಂಡು ಬರುತ್ತೇನೆ ಎಂದು ಎದ್ದು ಹೋದರು. ನಾನು ಹಿಂದೆಯೇ ಗೇಟಿಗೆ ಓಡಿದೆ. ಆಟೋ ಹೊರಟಾಗಿತ್ತು.

ವಾಪಸು ಬಂದು ಅವನನ್ನು ಕೇಳಿದೆ. "ಯಾಕಪ್ಪ ಆಗ್ಲಿ ಅಂದೆ?"

"ಬಾಯಿಗೆ ಬಂದ್ಬುಡ್ತು ಅಕ್ಕ. ಕೋಟು ಹಾಕ್ಕಂಡಿದ್ನಲ್ಲ," ಅಂದ. "ಏನಕ್ಕ ಅದು, ಬಾಯಲ್ಲಿ?"

"ಪರೀಕ್ಷೆ ಮಾಡದೆ ಹೇಳೋಕಾಗಲ್ಲ. ಆದ್ರೆ ಒಳ್ಳೇದಲ್ಲ."

ಮಾರನೆಯ ದಿನ ಮಗಳೇ ಬಂದಳು. ಬಸ್‌ಸ್ಟ್ಯಾಂಡಿನ ಹತ್ತಿರ ಟೈಲರಿಂಗ್ ಅಂಗಡಿ ಇಟ್ಟುಕೊಂಡಿದ್ದವಳು. ತಾಯಿಯ ಊರು ಬಲಸಮುದ್ರದ ಪಕ್ಕ. ಹೊಲ ಸೋಲಾರ್ ಪಾರ್ಕಿಗೆ ಗುತ್ತಿಗೆಗೆ ಹೋದ ಮೇಲೆ ಆಯಮ್ಮ ಅಲ್ಲಿ ಸ್ವಲ್ಪ ದಿನ, ಮಗಳ ಹತ್ತಿರ ಸ್ವಲ್ಪ ದಿನ ಇರುತ್ತಿದ್ದರು. ಗೇಟಿನಲ್ಲೇ ಅವಳಿಗೆ ನಿಜ ಸಂಗತಿ ಗೊತ್ತಾಗಿತ್ತು. ಆದರೂ ವಾಪಸು ಹೋಗದೆ ನನ್ನ ಹತ್ತಿರ ಬಂದು ನಿಂತಳು.

"ಸಿಸ್ಟರ್, ಅವರು ಡಾಕ್ಟ್ರಲ್ಲ ಅಂತ ಅಮ್ಮಂಗೆ ದಯವಿಟ್ಟು ಹೇಳ್ಬೇಡಿ," ಅಂದಳು. ಆಮೇಲೆ ಎಲ್ಲ ಬಿಚ್ಚಿ ಹೇಳಿದಳು. ಮುಂಚೆ ನೋಡಿದ ಡಾಕ್ಟರೊಬ್ಬರು ಅವಳನ್ನು ಪಕ್ಕಕ್ಕೆ ಕರೆದು, ಕ್ಯಾನ್ಸರ್ ಇರಬಹುದು, ಬೆಂಗಳೂರಿಗೆ ಕರೆದುಕೊಂಡು ಹೋಗಿ ಅಂದಿದ್ದರು. ಅಮ್ಮನಿಗೆ ಆ ಪದ ಹೇಳಲು ಅವಳಿಗೆ ಬಾಯಿ ಬಂದಿರಲಿಲ್ಲ. ವಿಟಮಿನ್ ಕಡಿಮೆಯಾಗಿದೆ ಅಂದಿದ್ದಳು. ವಿಟಮಿನ್ ಕಡಿಮೆಯಾದರೆ ಬೆಂಗಳೂರಿಗೆ ಯಾಕೆ ಹೋಗಬೇಕು ಎಂದು ಅಮ್ಮ ಅಲುಗಾಡಿರಲಿಲ್ಲ.

"ಈಗ ತಾವೇ ಹೋಗೋಣ ಅಂತಿದ್ದಾರೆ ಸಿಸ್ಟರ್. ಆ ಡಾಕ್ಟ್ರು ಇದ್ರೆ ಮಾತ್ರ ಅಂತೆ. ಒಂದೇ ಒಂದು ದಿನ ಅವರು ಕೋಟು ಹಾಕ್ಕೊಂಡು ಆಸ್ಪತ್ರೇಲಿ ಪಕ್ಕದಲ್ಲಿ ನಿಂತ್ರೆ ಸಾಕು."

ಅಲ್ಲೇ ನಿಂತು ಕೇಳುತ್ತಿದ್ದ ನಟ, "ನಾನು ಬರ್ತೀನಿ," ಅಂದ. ನನ್ನ ಕಡೆ ತಿರುಗಿ, "ಒಂದು ಜೀವ ಉಳಿಯೋದಾದ್ರೆ ನಂಗೇನಕ್ಕ? ಇದು ನನ್ನ ಕೆಲ್ಸಾನೇ ಅಲ್ವಾ?" ಅಂದ.

ಇಬ್ಬರ ಮಾತಿನಲ್ಲೂ ಕೆಟ್ಟದ್ದೇನೂ ಇರಲಿಲ್ಲ. ನಾನು ಸುಮ್ಮನೆ ತಳ್ಳಿಹಾಕಲಿಲ್ಲ, ಯೋಚಿಸಿದೆ. ಆದರೆ ನಾನು ಆಪರೇಷನ್ ಥಿಯೇಟರಿನ ಬಾಗಿಲಲ್ಲಿ ವರ್ಷಗಟ್ಟಲೆ ನಿಂತವಳು. ಸುಳ್ಳು ಆ ಬಾಗಿಲವರೆಗೆ ಬರುತ್ತದೆ, ಒಳಗೆ ಬರುವುದಿಲ್ಲ. ಒಳಗೆ ಹೋಗುವ ಹೊತ್ತಿಗೆ ಮನುಷ್ಯರು ತಾವು ನಂಬಿದವರನ್ನು ಕಣ್ಣಿನಿಂದ ಹುಡುಕುತ್ತಾರೆ.

"ಇದು ಒಂದು ದಿನದ ಕೆಲಸ ಅಲ್ಲ ಕಣಮ್ಮ," ಅಂದೆ. "ಪರೀಕ್ಷೆ, ಆಪರೇಷನ್ನು, ಆಮೇಲೆ ಎಷ್ಟು ಸಲ ಓಡಾಡಬೇಕೋ. ಪ್ರತಿ ಸಲ ಇವನು ಕೋಟು ಹಾಕ್ಕೊಂಡು ಬರೋಕಾಗುತ್ತಾ? ಯಾವತ್ತೋ ಒಂದು ದಿನ ಟೀವೀಲಿ ಇವನ ಮುಖ ಕಾಣುತ್ತೆ. ಆಗ ಅಮ್ಮ ಇವನೊಬ್ಬನನ್ನೇ ಅಲ್ಲ, ಎಲ್ಲರನ್ನೂ ನಂಬೋದು ಬಿಡ್ತಾರೆ. ನಿನ್ನನ್ನೂ."

"ಹೇಳಿದ್ಮೇಲೆ ಅಮ್ಮ ಹೋಗದೇ ಇದ್ರೆ?"

"ಹೋಗ್ತಾರೆ. ಅದರ ಜವಾಬ್ದಾರಿ ನಂದು."

ಅಷ್ಟು ಗಟ್ಟಿಯಾಗಿ ಹೇಳಿದ್ದು ನಾನೇ. ಹೋಗುತ್ತಾರೆಂದು ನನಗೇನು ಬರೆದು ಕೊಟ್ಟಿದ್ದರೇ? ಆದರೂ ಹಾಗೆ ಹೇಳಬೇಕಾದ ಹೊತ್ತಿನಲ್ಲಿ ನಾನು ಹಿಂಜರಿದವಳಲ್ಲ.

ಸೋಮವಾರ ತಾಯಿ ಮಗಳು ಬಂದರು. ಆಯಮ್ಮ ಮಡಿಸಿಟ್ಟಿದ್ದ ಸೀರೆ ತೆಗೆದು ಉಟ್ಟಿದ್ದರು. ಕೈಯಲ್ಲಿ ಡಾಕ್ಟರಿಗೆಂದು ಒಂದು ಚೀಲ ಕಡ್ಲೆಕಾಯಿ. ಆವತ್ತು ಸುಳ್ಳು ಹೇಳುವ ದೃಶ್ಯವೇ ನಡೆಯುತ್ತಿತ್ತು. ಮಾತಿನಲ್ಲಿ ಹೇಳುವುದಕ್ಕಿಂತ ಕಣ್ಣಿಂದ ನೋಡುವುದೇ ಸರಿ ಎಂದು ನಾನು ನಿರ್ದೇಶಕರನ್ನು ಕೇಳಿಕೊಂಡು, ಅವರ ಮಾನಿಟರಿನ ಹಿಂದೆ ಇಬ್ಬರಿಗೂ ಕುರ್ಚಿ ಹಾಕಿಸಿದೆ.

ಒಳಗೆ ಡಾಕ್ಟರ ವೇಷದ ನಟ ರೈತನ ಕೈಹಿಡಿದು, "ಏನಿಲ್ಲ ಯಜಮಾನ್ರೇ, ಬರೀ ಗ್ಯಾಸು," ಅಂದ. ನಿರ್ದೇಶಕರು ನಿಲ್ಲಿಸಿದರು. ಮೇಕಪ್ಪಿನವನು ಬಂದು ಡಾಕ್ಟರ ಹಣೆಯ ಬೆವರು ಒತ್ತಿದ. ಮತ್ತೆ ಅದೇ ಮಾತು. ಈ ಸಲ ರೈತನ ಪಾತ್ರದವರು, ಕೊರಟಗೆರೆಯ ನಾಟಕದ ಹಿರಿಯರೊಬ್ಬರು, ಸೀನಿಬಿಟ್ಟರು. ಮತ್ತೆ ಮೊದಲಿನಿಂದ.

ಆಯಮ್ಮ ನನ್ನ ತೋಳು ಮುಟ್ಟಿ, "ಯಾಕೆ ಸಿಸ್ಟ್ರಮ್ಮ, ಒಂದೇ ಮಾತು ಅಷ್ಟು ಸಲ ಹೇಳ್ತಾನೆ?" ಎಂದು ಕೇಳಿದರು.

"ಅಮ್ಮ, ಇದು ಟೀವೀಲಿ ಬರೋ ಸೀರಿಯಲ್ಲು. ಇದು ಆಸ್ಪತ್ರೆ ಅಲ್ಲ. ಅವರು ಡಾಕ್ಟ್ರಲ್ಲ, ಡಾಕ್ಟ್ರ ಪಾರ್ಟು ಮಾಡ್ತಿದ್ದಾರೆ."

ಅವರು ಮಾನಿಟರನ್ನೇ ನೋಡುತ್ತಿದ್ದರು. ಕೊನೆಗೆ, "ಆ ಮುದುಕನಿಗೆ ಏನಾಗೈತೆ?" ಎಂದರು.

"ಕಥೇಲಿ ಕ್ಯಾನ್ಸರ್."

"ಮತ್ತೆ ಗ್ಯಾಸು ಅಂತಾನಲ್ಲ?"

"ಹಂಗೆ ಹೇಳಿ ಅಂತ ಮಕ್ಕಳು ಹೇಳಿದ್ದಾರೆ."

ಆಯಮ್ಮ ನಿಧಾನವಾಗಿ ಮಗಳ ಕಡೆ ತಿರುಗಿದರು. ಮಗಳು ತಲೆ ತಗ್ಗಿಸಿದ್ದಳು.

"ನಂಗೂ ಅದೇನಾ?" ಎಂದು ಕೇಳಿದರು. ದನಿ ಏರಿರಲಿಲ್ಲ. ಮಗಳು ಸೆರಗಿನ ತುದಿ ಹಿಡಿದುಕೊಂಡು ಅಳಲು ಶುರುಮಾಡಿದಳು. ಇದು ಹೀಗೆ ತಿರುಗುತ್ತದೆಂದು ನಾನೂ ಎಣಿಸಿರಲಿಲ್ಲ. ಒಂದು ಸುಳ್ಳು ಬಿಡಿಸಲು ಹೋಗಿ ಎರಡು ಒಟ್ಟಿಗೇ ಬಿಚ್ಚಿಕೊಂಡಿದ್ದವು.

ಆಯಮ್ಮ ಎದ್ದು ಹೊರಗೆ ನಡೆದರು. ನಟ ಶಾಟು ಬಿಟ್ಟು, ಕೋಟು ಕಳಚಿ ಎಸೆದು ಓಡಿ ಬಂದ. ವರಾಂಡದ ಮೆಟ್ಟಿಲಲ್ಲಿ ಅವರ ಮುಂದೆ ಕುಕ್ಕರಗಾಲಿನಲ್ಲಿ ಕೂತ.

"ತಪ್ಪಾಯ್ತಮ್ಮ. ನಿಮ್ ಬಾಯಿ ನೋಡ್ದಾಗ ನಂಗೇನೂ ತಿಳೀಲಿಲ್ಲ. ಈ ಅಕ್ಕನ ಮುಖ ನೋಡಿ ಹೇಳ್ದೆ. ದೊಡ್ಡಾಸ್ಪತ್ರೆಗೆ ಹೋಗ್ಬೇಕು ಅನ್ನೋದು ಮಾತ್ರ ನಿಜ ಕಣಮ್ಮ."

"ಬೇಷಾಗಿ ಮಾಡ್ತೀಯ ನಾಯ್ನಾ," ಅಂದರು ಆಯಮ್ಮ. "ನಾನು ನಂಬ್ಬುಟ್ಟೆ." ಆಮೇಲೆ ನನ್ನ ಕಡೆ, ನನ್ನ ಬಟ್ಟೆಯ ಕಡೆ ನೋಡಿದರು. "ನೀನು? ನಿಂದೂ ಪಾರ್ಟೇನಾ?"

"ಇಲ್ಲಮ್ಮ. ನಾನು ನಿಜವಾಗ್ಲೂ ನರ್ಸು. ಬಟ್ಟೆ ಮಾತ್ರ ಇವರದು."

ಅದು ನನ್ನ ಕಿವಿಗೇ ಸುಳ್ಳಿನಂತೆ ಕೇಳಿಸಿತು. ಆಯಮ್ಮ ಕಡ್ಲೆಕಾಯಿ ಚೀಲವನ್ನು ಬಗಲಿಗೆ ಹಾಕಿಕೊಂಡು ಗೇಟು ದಾಟಿದರು. ಮಗಳು ಹೋಗುವ ಮುಂಚೆ ನನ್ನನ್ನು ಒಂದು ಸಲ ನೋಡಿದಳು. ಆ ನೋಟಕ್ಕೆ ಉತ್ತರ ಕೊಡಬೇಕಾದದ್ದು ಮಾತಿನಿಂದಲ್ಲ ಎಂದು ನನಗೆ ಗೊತ್ತಿತ್ತು.

ಮಾರನೆಯ ದಿನ ಮಗಳಿಗೆ ಫೋನ್ ಮಾಡಿದೆ. ಅಮ್ಮ ಯಾರ ಹತ್ತಿರವೂ ಮಾತಾಡದೆ ಬೆಳಗಿನ ಬಸ್ಸಿಗೆ ಊರಿಗೆ ಹೋದರು ಅಂದಳು. ನಾನು ಸೀರಿಯಲ್‌ನವರಿಗೆ ರಜೆ ಹೇಳಿ ಪಾವಗಡದ ಬಸ್ಸು ಹತ್ತಿದೆ. ಪಾವಗಡದಿಂದ ಇನ್ನೊಂದು ಬಸ್ಸು. ಊರು ಹತ್ತಿರವಾದಂತೆ ರಸ್ತೆಯ ಎರಡೂ ಕಡೆ, ನಾನು ಕೆಲಸಕ್ಕಿದ್ದಾಗ ಕಡ್ಲೆಕಾಯಿ ಹೊಲಗಳಿದ್ದ ಜಾಗದಲ್ಲಿ, ಸೋಲಾರ್ ಹಲಗೆಗಳು ಬಿಸಿಲಿಗೆ ಮುಖ ಮಾಡಿ ನಿಂತಿದ್ದವು.

ಆಯಮ್ಮ ಜಗಲಿಯ ಮೇಲೆ ಕೂತು, ವಾಪಸು ತಂದ ಅದೇ ಕಡ್ಲೆಕಾಯಿಯನ್ನು ಸುಲಿಯುತ್ತಿದ್ದರು. ದವಡೆಯಲ್ಲಿ ಕಡ್ಡಿಪುಡಿ ಇತ್ತು. ಕೇಳದೆಯೇ ಪಕ್ಕದಲ್ಲಿ ಕೂತು ನಾನೂ ಸುಲಿಯತೊಡಗಿದೆ.

ಪಕ್ಕದ ಮನೆಯಿಂದ ಒಬ್ಬ ಹೆಂಗಸು ಇಣುಕಿ ನೋಡಿ, ಹತ್ತಿರ ಬಂದು, "ಈಯಮ್ಮ ನಮ್ ಪಾವಗಡದ ಆಸ್ಪತ್ರೇಲಿದ್ದ ಸಿಸ್ಟ್ರಮ್ಮ ಅಲ್ವಾ? ನನ್ ದೊಡ್ಡ ಮಗ ಹುಟ್ಟಾಗ ನನ್ನ ಎಷ್ಟು ಬೈದಿದ್ಲು," ಅಂದಳು.

ಆಯಮ್ಮ ಸುಲಿಯುವುದು ನಿಲ್ಲಿಸಿದರು. "ಬೈದಿದ್ಲಾ?"

"ಅವುನು. ಕೂಗ್ಬೇಡ, ಉಸ್ರು ಹಿಡಿ ಅಂತ ಬೈದೂ ಬೈದೂ ಹೆರಿಗೆ ಮಾಡಿಸಿದ್ಲು."

"ಹಂಗಾದ್ರೆ ನಿಜವಾದ ನರ್ಸೇ," ಅಂದರು ಆಯಮ್ಮ. ಅವರ ಮುಖದಲ್ಲಿ ಆವತ್ತು ಮೊದಲ ಸಲ ಸ್ವಲ್ಪ ನಗು ಕಂಡಿತು. ಪಕ್ಕದ ಮನೆಯವಳು ಹೋದ ಮೇಲೆ ನನ್ನನ್ನೇ ನೋಡುತ್ತಾ ಕೇಳಿದರು. "ನಿನ್ನ ಹೆಂಗಮ್ಮ ನಂಬೋದು?"

"ನಂಬಿ ಅನ್ನಲ್ಲ. ಏನು ಬೇಕೋ ಕೇಳಿ. ಗೊತ್ತಿದ್ರೆ ಗೊತ್ತು ಅಂತೀನಿ, ಇಲ್ದಿದ್ರೆ ಇಲ್ಲ ಅಂತೀನಿ."

"ನನ್ ಬಾಯಲ್ಲಿರೋದು ಆ ಮುದುಕಂದೇ ಕಾಯ್ಲೆನಾ?"

"ಕ್ಯಾನ್ಸರ್ ಇರಬಹುದು. ಒಂದು ಚೂರು ತೆಗೆದು ಪರೀಕ್ಷೆ ಮಾಡಿದ್ರೆ ಗೊತ್ತಾಗುತ್ತೆ."

"ಸಾಯ್ತೀನಾ?"

"ಗೊತ್ತಿಲ್ಲ. ಈಗ ಹೋದ್ರೆ ಉಳಿಯೋ ದಾರಿ ದೊಡ್ಡದಿದೆ. ತಡ ಮಾಡಿದಷ್ಟೂ ಚಿಕ್ಕದಾಗುತ್ತೆ."

"ಮುಖ ಕೊಯ್ತಾರಾ?"

"ಒಳಗಿಂದ ತೆಗೀಬಹುದು. ಹೊರಗೆ ಎಷ್ಟು ಅಂತ ನಂಗೆ ಗೊತ್ತಿಲ್ಲ, ಆಪರೇಷನ್ ಡಾಕ್ಟ್ರೇ ಹೇಳ್ಬೇಕು."

"ಮುದ್ದೆ ತಿನ್ನಕಾಗುತ್ತಾ?"

"ಮುದ್ದೆ ನುಂಗೋದು ತಾನೆ, ಅಗಿಯೋದಲ್ವಲ್ಲ. ಸ್ವಲ್ಪ ದಿನ ಕಷ್ಟ. ಆಮೇಲೆ ಆಗ್ಬೇಕು."

ಹೀಗೆ ಬಿಸಿಲು ಜಗಲಿಗೆ ಬರುವವರೆಗೆ ಕೇಳುತ್ತಾ ಹೋದರು. ನನ್ನ ಉತ್ತರಗಳಲ್ಲಿ "ಗೊತ್ತಿಲ್ಲ" ಅನ್ನುವುದೇ ಹೆಚ್ಚಿತ್ತು. ಪ್ರತಿ ಸಲ ನಾನು ಹಾಗೆ ಅಂದಾಗಲೂ ಅವರು ತಲೆಯಾಡಿಸುತ್ತಿದ್ದರು. ನಂಬಿಕೆ ಬರುವಾಗ ಹೇಗೆ ಬರುತ್ತದೆಂದು ನಾನು ಆವತ್ತು ಹತ್ತಿರದಿಂದ ನೋಡಿದೆ. ಕೊನೆಗೆ ಎದ್ದು ಹೋಗಿ ಬಾಯಿ ಮುಕ್ಕಳಿಸಿ ಬಂದರು.

"ನೀನು ಬರ್ತೀಯಾ, ಬೆಂಗಳೂರಿಗೆ?"

"ಬರ್ತೀನಿ. ಆದ್ರೆ ಕೊಯ್ಯೋದು ನಾನಲ್ಲ."

"ಅದು ಗೊತ್ತು ಬುಡು," ಅಂದರು.

ಪರೀಕ್ಷೆಯಲ್ಲಿ ಅದು ಕ್ಯಾನ್ಸರೇ ಎಂದಾಯಿತು. ಆದರೆ ಕುತ್ತಿಗೆಯ ಗಂಟುಗಳಿಗೆ ಹಬ್ಬಿರಲಿಲ್ಲ. ಬೆಂಗಳೂರಿನ ದೊಡ್ಡಾಸ್ಪತ್ರೆಯ ಡಾಕ್ಟರು ಮಗಳನ್ನು ಪಕ್ಕಕ್ಕೆ ಕರೆದಾಗ ಅವಳು, "ಅಮ್ಮನ ಮುಂದೇನೇ ಹೇಳಿ ಸರ್," ಅಂದಳು. ಆಯಮ್ಮ ಮಗಳ ಕೈ ಎಳೆದು ತಮ್ಮ ಮಡಿಲಲ್ಲಿ ಇಟ್ಟುಕೊಂಡರು.

ಆಪರೇಷನ್ನಿನ ದಿನ ಟ್ರಾಲಿಯ ಮೇಲೆ ಮಲಗಿ ಒಳಗೆ ಹೋಗುವಾಗ ನನ್ನನ್ನು ಹತ್ತಿರ ಕರೆದರು. "ಒಳಗಿರೋರೆಲ್ಲ ನಿಜವಾದೋರೇ ತಾನೆ?"

ಪಕ್ಕದಲ್ಲಿದ್ದ ಡಾಕ್ಟರಮ್ಮನಿಗೆ ಅದು ಕೇಳಿಸಿತು. ಏನೆಂದು ನನ್ನ ಮುಖ ನೋಡಿದರು. ನಾನು ಎರಡು ಮಾತಿನಲ್ಲಿ ಹೇಳಿದೆ. ಅವರು ಮಾಸ್ಕು ಕೆಳಗಿಳಿಸಿ, ಬಗ್ಗಿ, ಆಯಮ್ಮನಿಗೆ ತಮ್ಮ ಮುಖ ತೋರಿಸಿದರು. "ನಾನೇ ಅಮ್ಮ ಆಪರೇಷನ್ ಮಾಡೋದು. ಎದ್ದ ಮೇಲೂ ನಾನೇ ಬಂದು ಮಾತಾಡಿಸ್ತೀನಿ." ಹಾಗೆಯೇ ಬಂದು ಮಾತಾಡಿಸಿದರು ಕೂಡ.

ಎಡಗೆನ್ನೆಯ ಒಳಗಿನ ಸ್ವಲ್ಪ ಭಾಗ ತೆಗೆದರು. ಹೊರಗೆ ಕಾಣುವಂಥ ಗಾಯವಾಗಲಿಲ್ಲ. ಮಾತು ಕೊಂಚ ತೊದಲಾಯಿತು, ಬಾಯಿ ಮೊದಲಿನಷ್ಟು ಅಗಲ ತೆರೆಯುತ್ತಿರಲಿಲ್ಲ. ಕಡ್ಡಿಪುಡಿ ಬಿಡಿಸಿದ್ದಕ್ಕೆ ನಮ್ಮನ್ನೆಲ್ಲ ಸರದಿಯ ಮೇಲೆ ಬೈದರು. ನಟ ಒಂದು ಭಾನುವಾರ ಕೋಟಿಲ್ಲದೆ, ಸಾದಾ ಅಂಗಿಯಲ್ಲಿ ಆಸ್ಪತ್ರೆಗೆ ಬಂದು, ಹೊರಗೆ ಮರದ ಕೆಳಗೆ ಬಹಳ ಹೊತ್ತು ನಿಂತು, ಆಮೇಲೆ ಧೈರ್ಯ ಮಾಡಿ ಒಳಗೆ ಬಂದ. ಆಯಮ್ಮ ಅವನಿಗೆ ಕೂರಲು ಜಾಗ ಬಿಟ್ಟರು, ಅಷ್ಟೆ. ಅವನು ಹೊರಟಾಗ ಅವನ ಫೋನ್ ನಂಬರನ್ನು ಮಗಳ ಕೈಯಲ್ಲಿ ಬರೆಸಿಟ್ಟುಕೊಂಡರು.

ಸೀರಿಯಲ್ ಶುರುವಾದ ದಿನ ಮಗಳು ನನ್ನನ್ನು ಊಟಕ್ಕೆ ಕರೆದಿದ್ದಳು. ಅಂಗಡಿಯ ಹಿಂದಿನ ಕೋಣೆಯೇ ಅವರ ಮನೆ. ಹೊಲಿಗೆ ಯಂತ್ರದ ಮೇಲೆ ಬಟ್ಟೆ ಹೊದಿಸಿ, ಚಾಪೆ ಹಾಸಿ, ಮೂವರೂ ಟೀವಿ ಮುಂದೆ ಕೂತೆವು. ಆಯಮ್ಮನ ಕೈಯಲ್ಲಿ ಗಂಜಿಯ ಬಟ್ಟಲು. ನಮ್ಮ ಊರಿನ ಬೆಟ್ಟ ತೆರೆಯ ಮೇಲೆ ಬಂತು, ಹಳೇ ನರ್ಸಿಂಗ್ ಹೋಮಿನ ಗೋಡೆ ಬಂತು. ಡಾಕ್ಟರ ಹಿಂದೆ ಒಂದು ಗಳಿಗೆ ನಾನೂ ಕಂಡೆ. ಸಿಡುಕು ಮುಖ ಮಾಡಿಕೊಂಡು ನಿಂತಿದ್ದೆ. ಮಗಳು ನಕ್ಕಳು.

ಆಮೇಲೆ ಆ ದೃಶ್ಯ ಬಂತು. ಮಕ್ಕಳು ಡಾಕ್ಟರ ಕೈಹಿಡಿದರು. ಡಾಕ್ಟರು ಒಳಗೆ ಹೋಗಿ, ಕಣ್ಣಿನ ತುದಿಯಲ್ಲಿ ನೀರು ತಡೆದುಕೊಂಡು, ಬರೀ ಗ್ಯಾಸು ಅಂದರು. ರೈತ ಕೈಮುಗಿದ. ಈ ಮಾತನ್ನು ಮೂರು ಸಲ ಹೇಳಿಸಿದ್ದು, ಆ ಹಿರಿಯರು ಸೀನಿದ್ದು, ಮೇಕಪ್ಪಿನವನು ಬೆವರು ಒತ್ತಿದ್ದು ಎಲ್ಲವನ್ನೂ ಆಯಮ್ಮ ಕಣ್ಣಾರೆ ಕಂಡಿದ್ದರು. ಆದರೂ ಗಂಜಿಯ ಬಟ್ಟಲನ್ನು ಕೆಳಗಿಟ್ಟು ಸೆರಗಿನಿಂದ ಕಣ್ಣೊರೆಸಿಕೊಂಡರು.

"ಅಮ್ಮ, ಅದು ಪಾರ್ಟು. ನಿಂಗೆ ಗೊತ್ತಲ್ಲ," ಅಂದಳು ಮಗಳು.

"ಗೊತ್ತು. ಸುಮ್ಕಿರು," ಅಂದರು.

ರೈತ ಬಸ್ಸು ಹತ್ತಿದ. ಹೆಸರುಗಳು ಓಡತೊಡಗಿದವು. ಅದು ಕರುಣೆಯಂತೆಯೇ ಕಂಡಿತ್ತು, ನಿರ್ದೇಶಕರು ಅಂದುಕೊಂಡ ಹಾಗೆಯೇ. ಆದರೆ ಆಯಮ್ಮನಿಗೆ ತಡೆಯಲಿಲ್ಲ. ನಟನಿಗೆ ಫೋನ್ ಹಚ್ಚು ಎಂದು ಮಗಳಿಗೆ ಹೇಳಿದರು. ಅವನು ಎತ್ತಿದ ಕೂಡಲೇ, ಕ್ಷೇಮ ಸಮಾಚಾರವೂ ಇಲ್ಲದೆ, ತೊದಲು ಮಾತಿನಲ್ಲೇ ಕೇಳಿದರು.

"ಆ ಮುದುಕಂಗೆ ನಿಜ ಯಾವಾಗ ಹೇಳ್ತೀಯಾ?"

ಸ್ಪೀಕರಿನಲ್ಲಿ ಅವನ ನಗು ಕೇಳಿಸಿತು. "ಇನ್ನೂ ಎರಡು ವಾರ ಆಗುತ್ತೆ ಅಮ್ಮ. ಡೈರೆಕ್ಟ್ರು ಹಂಗೆ ಇಟ್ಟವ್ರೆ."

"ಅಷ್ಟು ದಿನ ಯಾಕೆ? ಪಾಪ, ಬಸ್ ಹತ್ತಿ ಹೋಗ್ಬುಟ್ಟ. ನಾಳೇನೇ ಕರ್ಸಿ ಹೇಳು."

"ಆಗ್ಲಿ ಅಂತ ಈಗ ಹೇಳಲ್ಲ ಕಣಮ್ಮ," ಅಂದ ಅವನು. "ಡೈರೆಕ್ಟ್ರನ್ನ ಕೇಳಿ ಹೇಳ್ತೀನಿ."

"ಕೇಳು," ಎಂದು ಫೋನನ್ನು ಮಗಳಿಗೆ ಕೊಟ್ಟರು. ತಣ್ಣಗಾಗಿದ್ದ ಗಂಜಿಯನ್ನು ಮತ್ತೆ ಕೈಗೆತ್ತಿಕೊಂಡು, ನಾಳೆ ಇಷ್ಟು ಹೊತ್ತಿಗೆ ಅಂಗಡಿ ಮುಚ್ಚಿಬಿಡು, ಅವನು ಹೇಳುತ್ತಾನೋ ಇಲ್ಲವೋ ನೋಡಬೇಕು ಎಂದು ಮಗಳಿಗೆ ಹೇಳಿದರು.